ಪುಟ್ಟಸ್ವಾಮಿಯ ಎರಡು ಲೂನ್‌ಗಳು

ಪುಟ್ಟಸ್ವಾಮಿಯ ಎಲ್ಲ ಸಂಕಟಕ್ಕೂ ಕಾರಣವಾದದ್ದು ಲೂನ್ ಎಂಬ ಒಂದು ಪುಟ್ಟ ಪದ.

ಕೆನಡಾದಲ್ಲಿ ಇಷ್ಟು ವರ್ಷ ಕಳೆದವನಿಗೆ ಲೂನ್ ಎಂದರೆ ಏನೆಂದು ಯಾರೂ ಹೇಳಿಕೊಡಬೇಕಾಗಿರಲಿಲ್ಲ. ಅದೊಂದು ನೀರುಹಕ್ಕಿ. ಕರಿ ತಲೆ, ಕೆಂಪು ಕಣ್ಣು, ಬೆನ್ನ ತುಂಬ ಬಿಳಿ ಚುಕ್ಕೆ. ಒಂದು ಡಾಲರಿನ ನಾಣ್ಯದ ಮೇಲೆ ಬಾಡಿಗೆ ಕಟ್ಟದ ಟೆನೆಂಟಿನ ಹಾಗೆ ನೆಮ್ಮದಿಯಾಗಿ ತೇಲಿಕೊಂಡಿರುತ್ತದೆ. ಹೀಗಾಗಿ ತಾನು ಅನುವಾದಿಸುತ್ತಿದ್ದ ಕಾದಂಬರಿಯಲ್ಲಿ ಒಬ್ಬ ವಿಧವೆಗೆ ಎರಡು ಲೂನ್‌ಗಳಿದ್ದವು ಎಂದು ಓದಿದಾಗ, ಪುಟ್ಟಸ್ವಾಮಿ ಡಿಕ್ಷನರಿ ಮುಟ್ಟದೆ ‘ಎರಡು ಲೂನ್ ಹಕ್ಕಿಗಳಿದ್ದವು’ ಎಂದು ಬರೆದು ಮುಂದಕ್ಕೆ ಹೋಗಿದ್ದ.

ಕಾದಂಬರಿ ಬರೆದವರು ಮೋರಾಗ್ ಟುಲಕ್. ಸ್ಕಾಟ್ಲೆಂಡಿನ ಈಶಾನ್ಯ ಕರಾವಳಿಯ ಮೀನುಗಾರರ ಊರಿನವರು. ಎಳೆ ವಯಸ್ಸಿಗೇ ಶಾಲೆ ಬಿಟ್ಟು ಮೀನಿನ ಫ್ಯಾಕ್ಟರಿ ಸೇರಿ, ಹೆರಿಂಗ್ ಮೀನಿನ ಹೊಟ್ಟೆ ಸೀಳುತ್ತಲೇ ನಡುವಯಸ್ಸು ಮುಟ್ಟಿದವರು. ಊಟದ ಬಿಡುವಿನಲ್ಲಿ, ಮೀನು ಸುತ್ತುವ ಕಾಗದದ ಮೇಲೆ ಮೊದಲ ಕಾದಂಬರಿ ಬರೆದರಂತೆ. ಅದನ್ನು ಓದಿದ ಲಂಡನ್ನಿನ ಪ್ರಕಾಶಕ ಒಪ್ಪಿಗೆ ಪತ್ರ ಬರೆಯುವ ಮೊದಲು ಸೋಪು ಹಾಕಿ ಕೈ ತೊಳೆದುಕೊಂಡನಂತೆ. ಬರೆಯುವುದೆಲ್ಲ ಅವರ ಊರಿನ ಆಡುಮಾತಿನಲ್ಲಿ. ಎಡಿನ್‌ಬರೋದವರೇ ಒಂದು ಪುಟವನ್ನು ಎರಡೆರಡು ಸಲ ಓದಬೇಕು ಎನ್ನುತ್ತಾರೆ. ಗಂಡನ ದೋಣಿ ಸಮುದ್ರದಿಂದ ತಿರುಗಿ ಬಾರದ ಮೇಲೆ ಒಬ್ಬ ಹೆಂಗಸು ಎರಡು ಲೂನ್‌ಗಳನ್ನು ಸಾಕುವುದು, ಗದರುವುದು, ಚಳಿಗೆ ಮಫ್ಲರು ಕಟ್ಟುವುದು, ಸಂಜೆ ದಡದಲ್ಲಿ ನಿಂತು ಕೂಗಿ ಕರೆಯುವುದು, ಕೊನೆಗೊಂದು ದಿನ ಅವೆರಡೂ ಹೊರಟುಹೋದಾಗ ಮೇಜಿನ ಮೇಲಿಂದ ಎರಡು ತಟ್ಟೆ ತೆಗೆದಿಡುವುದು, ಇದಿಷ್ಟೇ ಕತೆ.

ಪುಟ್ಟಸ್ವಾಮಿ ಟೊರಾಂಟೊ ಪಕ್ಕದ ಮಿಸಿಸಾಗಾದ ಒಂದು ಇನ್ಶೂರೆನ್ಸ್ ಕಂಪನಿಯಲ್ಲಿ ಡೇಟಾಬೇಸ್ ನೋಡಿಕೊಳ್ಳುವವನು. ಮೂಲತಃ ಮೈಸೂರಿನವನು. ಒಂದು ಉದ್ದನೆಯ ಚಳಿಗಾಲದಲ್ಲಿ ಮನೆಯಿಂದಲೇ ಕೆಲಸ ಮಾಡುತ್ತ ಫ್ರಿಜ್ಜಿನ ಬಾಗಿಲನ್ನು ಪದೇ ಪದೇ ತೆಗೆಯುತ್ತಿದ್ದಾಗ, ಹೆಂಡತಿ ಪದ್ಮಾ, ಕೈಗೆ ಏನಾದರೂ ಕೆಲಸ ಕೊಟ್ಟುಕೊಳ್ಳಿ ಎಂದು ಹೇಳಿದ್ದಕ್ಕೆ ಈ ಅನುವಾದ ಹುಟ್ಟಿತು. ಮೈಸೂರಿನಲ್ಲಿ ಪ್ರೆಸ್ಸು ಇಟ್ಟುಕೊಂಡಿದ್ದ ಹಳೆಯ ಗೆಳೆಯ ರಮೇಶ ‘ಉಪ್ಪು ಕೈ’ ಎಂಬ ಹೆಸರಿನಲ್ಲಿ ಅಚ್ಚು ಹಾಕಿದ. ಆಮೇಲೆ ನಡೆದದ್ದು ಯಾರೂ ನಿರೀಕ್ಷಿಸದ ಸಂಗತಿ. ಓದುಗರು ಹಕ್ಕಿಗಳಿಗೆ ಮಾರುಹೋದರು. ಮಕ್ಕಳಿಲ್ಲದ ಹೆಂಗಸು ಹಕ್ಕಿಗಳಿಗೆ ಮಫ್ಲರು ಕಟ್ಟುವ ಭಾಗ ಓದಿ ಅತ್ತೆವು ಎಂದು ಶಿವಮೊಗ್ಗದಿಂದ, ಬಳ್ಳಾರಿಯಿಂದ ಮೆಸೇಜು ಬಂದವು. ಎರಡನೆಯ ಮುದ್ರಣಕ್ಕೆ ರಮೇಶ ಕಾಗದ ತರಿಸಿದ್ದ.

ಎಲ್ಲರಿಗಿಂತ ಹೆಚ್ಚು ಮರುಳಾದವರು ಮಡಿವಾಳಪ್ಪನವರು. ಹುಬ್ಬಳ್ಳಿಯ ಕಾಲೇಜಿನಲ್ಲಿ ಮೆಕ್ಯಾನಿಕಲ್ ಪಾಠ ಹೇಳಿ ನಿವೃತ್ತರಾಗಿ, ಈಗ ಅದೇ ಮಿಸಿಸಾಗಾದ ಬಡಾವಣೆ ಎರಿನ್ ಮಿಲ್ಸ್‌ನಲ್ಲಿ ಪುಟ್ಟಸ್ವಾಮಿಯ ಪಕ್ಕದ ಮನೆಯಲ್ಲಿದ್ದು, ಅಲ್ಲಿಯ ಕನ್ನಡ ಓದುಗರ ಬಳಗಕ್ಕೆ ಅಧ್ಯಕ್ಷರಾಗಿದ್ದರು. ಮೋರಾಗ್ ಟುಲಕ್ ಪುಸ್ತಕೋತ್ಸವಕ್ಕೆಂದು ಟೊರಾಂಟೊದ ಆಚೆಯ ವಿಟ್ಬಿ ಊರಿಗೆ ಬರುತ್ತಾರೆ ಎಂದು ತಿಳಿದು ನೇರವಾಗಿ ಅವರ ಪ್ರಕಾಶಕರಿಗೇ ಇಮೇಲ್ ಕಳಿಸಿದರು. ಬರುವುದಿಲ್ಲ ಎಂದೇ ಎಲ್ಲರೂ ಅಂದುಕೊಂಡಿದ್ದರು. ಆದರೆ ಟೊರಾಂಟೊ ನಗರದ ನಡುವಿನ ದೊಡ್ಡ ಸಭೆಯೊಂದನ್ನು ಬಿಟ್ಟು, ಎರಿನ್ ಮಿಲ್ಸ್‌ನ ಕಮ್ಯುನಿಟಿ ಸೆಂಟರಿಗೆ ಬರುತ್ತೇನೆ ಎಂದು ಲೇಖಕಿ ಒಪ್ಪಿಬಿಟ್ಟರು.

ಹಾಗಾಗಿ ಆ ಶನಿವಾರ ಬೆಳಿಗ್ಗೆ ಪುಟ್ಟಸ್ವಾಮಿ ಇಸ್ತ್ರಿ ಮಾಡಿದ ಜುಬ್ಬ ಹಾಕಿಕೊಂಡು ವಿಟ್ಬಿಯ ಹೋಟೆಲಿನ ಮುಂದೆ ಕಾರು ನಿಲ್ಲಿಸಿದ. ಗಿಡ್ಡಗೆ ಗಟ್ಟಿಮುಟ್ಟಾಗಿದ್ದ ಬೆಳ್ಳಿಗೂದಲಿನ ಹೆಂಗಸೊಬ್ಬರು ಹೊರಗೆ ಬಂದು ಕೈ ಕುಲುಕಿ, “ಫಿಟ್ ಲೈಕ್?” ಎಂದರು. ವಾರಕ್ಕೆರಡು ಸಲ ಜಿಮ್ಮಿಗೆ ಹೋಗುತ್ತೇನೆ ಎಂದು ಪುಟ್ಟಸ್ವಾಮಿ ಉತ್ತರ ಕೊಟ್ಟ. ಅವರೂರಿನ ಮಾತಿನಲ್ಲಿ ಹಾಗೆಂದರೆ ‘ಹೇಗಿದ್ದೀರಿ’ ಎಂದು ಅವನಿಗೆ ಗೊತ್ತಾದದ್ದು ಏಜಾಕ್ಸ್ ಎಂಬ ಊರು ದಾಟಿದ ಮೇಲೆ. ಈ ‘ಫಿಟ್ ಲೈಕ್’ ಪುಸ್ತಕದಲ್ಲಿ ಬಹಳ ಕಡೆ ಬಂದಿತ್ತು. ವಿಧವೆಯ ನೆರೆಹೊರೆಯವರೆಲ್ಲ ಯಾಕೆ ಯಾವಾಗಲೂ ವ್ಯಾಯಾಮದ ವಿಚಾರ ಕೇಳುತ್ತಾರೆ ಎಂದು ಅವನಿಗೂ ಆಗ ಸೋಜಿಗವಾಗಿತ್ತು.

ಪಿಕರಿಂಗ್‌ನಲ್ಲಿ ಕಾಫಿಗೆಂದು ಹೆದ್ದಾರಿ ಬಿಟ್ಟು ಇಳಿದರು. ಸಿಗ್ನಲ್ಲಿನಲ್ಲಿ ಒಬ್ಬ ಶಾಲಾಹುಡುಗ ಬಾಸ್ಕೆಟ್‌ಬಾಲ್ ಪುಟಿಸುತ್ತ ರಸ್ತೆ ದಾಟಿದ.

“ಎಷ್ಟು ಚೆಂದದ ಲೂನ್,” ಎಂದರು ಮೋರಾಗ್.

ಪುಟ್ಟಸ್ವಾಮಿ ಆಕಾಶ ನೋಡಿದ. ಹಕ್ಕಿ ಕಾಣಿಸಲಿಲ್ಲ. ಲೈಟಿನ ಕಂಬ ನೋಡಿದ. ಅಲ್ಲೂ ಇರಲಿಲ್ಲ. ಎಲ್ಲಿ ಎಂದು ಕೇಳಿದ್ದಕ್ಕೆ ಆಕೆ ಹುಡುಗನ ಕಡೆ ಬೆರಳು ತೋರಿಸಿದರು. ನಮ್ಮ ಕಡೆ ಹುಡುಗನಿಗೆ ಲೂನ್ ಅಂತಲೇ ಅನ್ನುವುದು, ನಿಮಗೆ ಗೊತ್ತಿಲ್ಲದ್ದೇನು, ನೀವೇ ಅನುವಾದ ಮಾಡಿದವರು ಎಂದು ನಕ್ಕರು. ತಮ್ಮ ತಾಯಿಯೂ ಇಬ್ಬರು ಲೂನ್‌ಗಳನ್ನು ಬೆಳೆಸಿದರೆಂದೂ, ಇಬ್ಬರೂ ತಮ್ಮಂದಿರು ಶಾಲೆಗೆ ಚಕ್ಕರ್ ಹೊಡೆದು ಬಂದರಿಗೆ ಓಡುತ್ತಿದ್ದರೆಂದೂ ಹೇಳಿದರು.

ಸಿಗ್ನಲ್ಲು ಹಸಿರಾಯಿತು. ಪುಟ್ಟಸ್ವಾಮಿಯ ಕಾಲು ಮಾತ್ರ ಬ್ರೇಕಿನ ಮೇಲೇ ಉಳಿಯಿತು. ಹಿಂದಿನವರು ಹಾರ್ನು ಹೊಡೆದರು. ಅವನ ಕಣ್ಣ ಮುಂದೆ ಇಡೀ ಪುಸ್ತಕ ತೆರೆದುಕೊಂಡಿತು. ವಿಧವೆಗಿದ್ದದ್ದು ಇಬ್ಬರು ಗಂಡುಮಕ್ಕಳು. ಅವರಿಗೆ ಇವನು ಕೊಕ್ಕು ಇಟ್ಟಿದ್ದ, ರೆಕ್ಕೆ ಹಚ್ಚಿದ್ದ, ಹಸಿ ಮೀನು ತಿನ್ನಿಸಿದ್ದ. ದೊಡ್ಡ ಮಗ ಪೂರ್ತಿ ಒಂದು ಅಧ್ಯಾಯ ಕೊಳದಲ್ಲಿ ತಲೆ ಮುಳುಗಿಸಿಕೊಂಡು ಕಳೆದಿದ್ದ.

ಕಾಫಿ ಕುಡಿಯುವಾಗ ಆಕೆ ಇನ್ನೊಂದು ಮಾತು ಹೇಳಿದರು. “ಡೆನ್ಮಾರ್ಕಿನ ಒಬ್ಬ ಅನುವಾದಕ ನನ್ನ ಲೂನ್‌ಗಳನ್ನು ಹಾಳು ಮಾಡಿಬಿಟ್ಟ. ಅದೊಂದು ಪದ ಅರ್ಥವಾಗದವನಿಗೆ ನನ್ನ ಪುಸ್ತಕವೇ ಅರ್ಥವಾಗಲಿಲ್ಲ ಅಂತ ಲೆಕ್ಕ. ಅಂಗಡಿಗಳಿಂದ ಪುಸ್ತಕ ವಾಪಸ್ ತೆಗೆಸಿದೆ. ಅವನು ಕ್ಷಮೆ ಕೇಳಲು ಮನೆಗೆ ಬಂದಾಗ ಬಾಗಿಲು ತೆಗೆಯಲಿಲ್ಲ.”

ಪುಟ್ಟಸ್ವಾಮಿಗೆ ಬಿಸಿ ಕಾಫಿ ತಣ್ಣನೆಯ ನೀರಿನಂತೆ ಗಂಟಲಲ್ಲಿಳಿಯಿತು. ಎರಡನೆಯ ಮುದ್ರಣ, ರಮೇಶ ತರಿಸಿದ ಕಾಗದ, ಬಳ್ಳಾರಿಯವರ ಕಣ್ಣೀರು, ಎಲ್ಲವೂ ಒಟ್ಟಿಗೆ ಮುಳುಗಿದವು. ಅದಕ್ಕಿಂತ ಹೆದರಿಕೆಯ ಸಂಗತಿ ಇನ್ನೊಂದಿತ್ತು. ಆ ಮಧ್ಯಾಹ್ನ ಮಡಿವಾಳಪ್ಪನವರು ‘ಟುಲಕ್ ಅವರ ಪಕ್ಷಿಲೋಕ’ ಎಂಬ ಉದ್ದನೆಯ ಪ್ರಬಂಧವನ್ನು ಲೇಖಕಿಯ ಎದುರಿಗೇ ಓದುವವರಿದ್ದರು.

ತಡವಾಗಿ ಹೋದರೆ ಪ್ರಬಂಧಕ್ಕೆ ಸಮಯ ಸಿಗುವುದಿಲ್ಲ ಎಂಬ ಉಪಾಯ ಹೊಳೆಯಿತು. ಕೆನಡಾಕ್ಕೆ ಬಂದವರು ನೋಡಲೇಬೇಕಾದ ಜಾಗವೊಂದಿದೆ ಎಂದು ಹೇಳಿ ಪುಟ್ಟಸ್ವಾಮಿ ಆಕೆಯನ್ನು ಪಿಕರಿಂಗ್‌ನ ಅಣು ವಿದ್ಯುತ್ ಸ್ಥಾವರದ ಬೇಲಿಯ ಹತ್ತಿರ ಕರೆದುಕೊಂಡು ಹೋದ. ಒಂದರ ಪಕ್ಕ ಒಂದು ದೊಡ್ಡ ಡಬ್ಬಿ ಮಗುಚಿಟ್ಟಂತಿದ್ದ ಕಟ್ಟಡಗಳನ್ನು ಇಬ್ಬರೂ ಪಕ್ಕದ ದೊಡ್ಡ ಸರೋವರದಿಂದ ಬೀಸುವ ಗಾಳಿಯಲ್ಲಿ ನಿಂತು ನೋಡಿದರು. ಇದರ ವಿಶೇಷವೇನು ಎಂದು ಮೋರಾಗ್ ಕೇಳಿದರು. ಕರೆಂಟು ಬರುತ್ತದೆ ಎಂದು ಪುಟ್ಟಸ್ವಾಮಿ ಹೇಳಿದ. ಆಕೆ ತಮ್ಮ ಕೋಟಿನ ಗುಂಡಿಯನ್ನು ಮೇಲಿನವರೆಗೂ ಹಾಕಿಕೊಂಡು, ಒಳ್ಳೆಯದು ಎಂದರು.

ಮತ್ತೆ ಹೆದ್ದಾರಿ ಸೇರುವಷ್ಟರಲ್ಲಿ ಕಾರಿನ ಸ್ಪೀಕರಿನಲ್ಲಿ ಪದ್ಮಾಳ ದನಿ ಮೊಳಗಿತು.

“ರೀ, ಎಲ್ಲಿದೀರಾ? ಎಲ್ಲಾ ಬಂದಾಯ್ತು. ಲೂನ್‌ಗಳೆರಡೂ ರೆಡಿ, ನೀಟಾಗಿ ರಿಬ್ಬನ್ ಕಟ್ಟಿಸಿದೀನಿ.”

ಅದು ಲೇಖಕಿಗೆ ಕೊಡಲೆಂದು ಎರಿನ್ ಮಿಲ್ಸ್ ಮಾಲಿನಲ್ಲಿ ಕೊಂಡಿದ್ದ ಮರದ ಹಕ್ಕಿಗಳ ಜೋಡಿ. ಪುಟ್ಟಸ್ವಾಮಿ ಫೋನು ಕತ್ತರಿಸಿದ. ಆದರೆ ಆ ಒಂದು ಪದ ಮೋರಾಗ್ ಕಿವಿಗೆ ಬಿದ್ದಾಗಿತ್ತು. ನಿಮಗೂ ಲೂನ್‌ಗಳಿದ್ದಾರೆಯೇ ಎಂದು ಅಕ್ಕರೆಯಿಂದ ವಿಚಾರಿಸಿದರು. ಒಬ್ಬಳೇ ಮಗಳಿದ್ದ ಪುಟ್ಟಸ್ವಾಮಿ, ಇಬ್ಬರಿದ್ದಾರೆ ಎಂದ. ರಿಬ್ಬನ್ ಎಂಬುದೂ ಆಕೆಗೆ ಕೇಳಿಸಿತ್ತೋ ಏನೋ, ತುಸು ಹುಬ್ಬೇರಿಸಿ ಕಿಟಕಿಯ ಕಡೆ ತಿರುಗಿದರು.

ಕಮ್ಯುನಿಟಿ ಸೆಂಟರು ತಲುಪಿದಾಗ ಜನ ಹಸಿದು ಕಾಯುತ್ತಿದ್ದರು. ಹಿಂದಿನ ಮೇಜಿನ ಮೇಲೆ ಬಿಸಿಬೇಳೆಬಾತಿನ ದೊಡ್ಡ ಪಾತ್ರೆ ಮುಚ್ಚಳ ಹಾಕಿಕೊಂಡು ಕೂತಿತ್ತು. ಕಾರ್ಯಕ್ರಮ ಮುಗಿಯುವವರೆಗೆ ಮುಚ್ಚಳ ತೆಗೆಯಕೂಡದೆಂದು ಮಡಿವಾಳಪ್ಪನವರ ಆಜ್ಞೆಯಾಗಿತ್ತು. ಕಾರಿಡಾರಿನಲ್ಲಿ ಇಬ್ಬರು ಹುಡುಗರು ಚಿಪ್ಸಿನ ಪೊಟ್ಟಣಕ್ಕೆ ಕಿತ್ತಾಡುತ್ತಿದ್ದರು. ಇವರೇನಾ ನಿಮ್ಮ ಲೂನ್‌ಗಳು ಎಂದು ಮೋರಾಗ್ ಕೇಳಿದಾಗ ಪುಟ್ಟಸ್ವಾಮಿ ಹೌದೆಂದು ತಲೆಯಾಡಿಸಿದ. ಆಕೆ ಇಬ್ಬರ ಕೈಗೂ ಒಂದೊಂದು ಟಾಫಿ ಕೊಟ್ಟು ಕೆನ್ನೆ ತಟ್ಟಿದರು. ಯಾರ ಮಕ್ಕಳೋ ಏನೋ, ಅವರು ಟಾಫಿ ಬಾಯಿಗೆ ಹಾಕಿಕೊಂಡು ಓಡಿದರು.

ಲೇಖಕಿಯನ್ನು ಕೈ ತೊಳೆಯಲು ಕಳಿಸಿ ಪುಟ್ಟಸ್ವಾಮಿ ಸಭಾಂಗಣಕ್ಕೆ ನುಗ್ಗಿದ. ವೇದಿಕೆಯ ಹಿಂದೆ ಅವನ ಮಗಳು ಮಾನ್ಯಾ ವಾರವಿಡೀ ಕೂತು ಬಣ್ಣ ತುಂಬಿದ್ದ ಬ್ಯಾನರು ತೂಗುತ್ತಿತ್ತು. ಅದರ ಮೇಲೆ ಒಂದೊಂದೂ ಎಮ್ಮೆಗಾತ್ರದ ಎರಡು ಲೂನ್ ಹಕ್ಕಿಗಳು ಕೆಂಪು ಕಣ್ಣು ಬಿಟ್ಟುಕೊಂಡು ಅವನನ್ನೇ ನೋಡುತ್ತಿದ್ದವು. ಪುಟ್ಟಸ್ವಾಮಿ ಸ್ಟೋರ್‌ರೂಮಿನಿಂದ ರಾಜ್ಯೋತ್ಸವದ ಹಳದಿ ಕೆಂಪು ಬಾವುಟ ತಂದು ಹಕ್ಕಿಗಳ ಮೇಲೆ ಇಳಿಬಿಟ್ಟ. ಕನ್ನಡದ ಬಾವುಟಕ್ಕೆ ಯಾರು ತಾನೇ ಬೇಡವೆಂದಾರು. ಸಭೆಯಲ್ಲಿ ಚಪ್ಪಾಳೆಯಾಯಿತು.

“ಅಪ್ಪಾ, ದಟ್ಸ್ ಮೈ ಪೇಂಟಿಂಗ್,” ಎಂದಳು ಮಾನ್ಯಾ. ಅವಳ ಕಣ್ಣಲ್ಲಿ ನೀರು ತುಂಬುತ್ತಿತ್ತು.

ಆಮೇಲೆ ಹೇಳುತ್ತೇನೆ ಎಂದು ಅವಳನ್ನು ಸಮಾಧಾನ ಮಾಡುವುದರೊಳಗೆ ಪದ್ಮಾ ರಿಬ್ಬನ್ ಕಟ್ಟಿದ ಡಬ್ಬ ಹಿಡಿದು ಬಂದಳು. ಪುಟ್ಟಸ್ವಾಮಿ ಅದನ್ನು ಕಿತ್ತುಕೊಂಡು ಕಾರಿನ ಡಿಕ್ಕಿಯೊಳಗೆ ಹಾಕಿ ಬೀಗ ಹಾಕಿದ. ಹಿಂದೆಯೇ ಬಂದು ಯಾಕೆಂದು ಕೇಳಿದ ಹೆಂಡತಿಗೆ, ಲೇಖಕಿಗೆ ಗರಿಯ ಅಲರ್ಜಿ ಇದೆ ಎಂದ.

“ಮರದ ಹಕ್ಕಿಗೆ ಯಾವ ಗರಿ ರೀ?” ಎಂದು ಕೇಳಿ ಪದ್ಮಾ ಅವನ ಹಣೆ ಮುಟ್ಟಿ ನೋಡಿದಳು.

ಉಳಿದದ್ದು ಪ್ರಬಂಧ. ತಡವಾಗಿದೆ, ಇವತ್ತು ಬಿಟ್ಟುಬಿಡೋಣ ಎಂದದ್ದಕ್ಕೆ ಮಡಿವಾಳಪ್ಪನವರು ಅವನನ್ನು ಕೆಟ್ಟ ಬೇರಿಂಗು ನೋಡುವಂತೆ ನೋಡಿದರು.

“ಹೆಂಗ್ ಬಿಡೋದ್ರಿ? ಎರಡು ತಿಂಗಳು ಕುಂತು ಬರದೇನಿ. ಆಕೀಗೆ ತಿಳೀಲಿ ಅಂತ ಇಂಗ್ಲಿಷಿನಾಗೂ ಮಾಡಕೊಂಡು ಬಂದೇನಿ.”

ಪುಟ್ಟಸ್ವಾಮಿಗೆ ಆಗ ಆ ದಿನದ ಕೊನೆಯ ಉಪಾಯ ಹೊಳೆಯಿತು. “ಸಾರ್, ಇಂಗ್ಲಿಷಲ್ಲಿ ಓದೋರು ಆಕೆಗೆ ಊರೂರಲ್ಲೂ ಸಿಗ್ತಾರೆ. ಆಕೆ ಬಂದಿರೋದು ಕನ್ನಡ ಕೇಳೋಕೆ. ನೀವು ಹುಬ್ಬಳ್ಳಿ ಕನ್ನಡದಲ್ಲಿ ಓದಿ, ನಾನು ಪಕ್ಕದಲ್ಲಿ ಕೂತು ಆಕೆಗೆ ಮೆಲ್ಲಗೆ ಹೇಳ್ತಾ ಹೋಗ್ತೀನಿ,” ಎಂದ. ಹುಬ್ಬಳ್ಳಿ ಕನ್ನಡ ಎಂಬ ಮಾತಿಗೆ ಮಡಿವಾಳಪ್ಪನವರು ಅಲ್ಲೇ ಕರಗಿದರು.

ಹೀಗೆ ಪ್ರಬಂಧ ಶುರುವಾಯಿತು. ಪುಟ್ಟಸ್ವಾಮಿ ಮೋರಾಗ್ ಕಿವಿಯ ಪಕ್ಕ ಬಾಗಿ ಕೂತು, ಹಕ್ಕಿ ಬಂದಲ್ಲೆಲ್ಲ ಹುಡುಗ ಎನ್ನುತ್ತ ಹೋದ. ಮಡಿವಾಳಪ್ಪನವರು ಲೂನ್ ಮರಿಗಳ ತುಪ್ಪಳವನ್ನು ವರ್ಣಿಸಿದರೆ, ಆ ಹುಡುಗರ ತಲೆಗೂದಲು ಬಹಳ ಮೃದುವಾಗಿತ್ತಂತೆ ಎಂದ. ಲೂನ್ ಜಾತಿಯ ಮರಿಗಳು ಮೊಟ್ಟೆಯೊಡೆದು ಹೊರಬರುವ ಬಗೆಯನ್ನು ವಿವರಿಸಿದರೆ, ಹೆರಿಗೆ ಕಷ್ಟವಾಯಿತಂತೆ ಎಂದ. ಅವುಗಳ ಕೊಕ್ಕು ಎಷ್ಟು ಚೂಪು ಎಂದು ತೋರಿಸಲು ಅವರು ಐದೂ ಬೆರಳು ಕೂಡಿಸಿ ಮೂಗಿನ ಮುಂದೆ ಹಿಡಿದಾಗ, ಮೋರಾಗ್ ಏನದು ಎಂದು ಹುಬ್ಬು ಹಾರಿಸಿದರು. ಆ ಹುಡುಗನಿಗೆ ಮಾತು ಬಹಳ ಚುರುಕು ಎಂದು ಪುಟ್ಟಸ್ವಾಮಿ ಅರ್ಥ ಹೇಳಿದ.

ಅವನ ಹಣೆಯಿಂದ ಬೆವರು ಕನ್ನಡಕಕ್ಕೆ ಇಳಿಯುತ್ತಿತ್ತು. ಪ್ರಬಂಧದ ತುದಿಯಲ್ಲಿ, ಹಕ್ಕಿಗಳು ಹೆಂಗಸನ್ನು ಬಿಟ್ಟು ಹಾರಿಹೋಗುವ ಭಾಗಕ್ಕೆ ಬಂದಾಗ ಮಡಿವಾಳಪ್ಪನವರಿಗೆ ಆವೇಶ ಬಂತು. ಕಾಗದ ಕೆಳಗಿಟ್ಟು ಎರಡೂ ಕೈ ಅಗಲಿಸಿ, ಮೇಲೆ ಕೆಳಗೆ ಬಡಿಯುತ್ತ ವೇದಿಕೆಯ ಈ ತುದಿಯಿಂದ ಆ ತುದಿಗೆ ಹೋದರು. ಸಭೆಯಲ್ಲಿ ಒಂದಿಬ್ಬರು ಹೆಂಗಸರು ಕಣ್ಣೊರೆಸಿಕೊಂಡರು.

“ಇವರು ಯಾಕೆ ಹೀಗೆ ಕೈ ಬಡಿಯುತ್ತಿದ್ದಾರೆ?” ಎಂದರು ಮೋರಾಗ್.

“ಹುಡುಗರಿಗೆ ಚಳಿ,” ಎಂದ ಪುಟ್ಟಸ್ವಾಮಿ.

ಆಕೆ ನಿಧಾನಕ್ಕೆ ಕುರ್ಚಿಗೆ ಒರಗಿ ತಮ್ಮ ಅಂಗೈಗಳನ್ನು ನೋಡಿಕೊಂಡರು. ಚಾಕುವಿನ ಹಳೆಯ ಗೆರೆಗಳಿದ್ದ ದಪ್ಪ ಕೈಗಳು. ಮುಂದಿನ ಸಾಲಿನಲ್ಲಿ ಮಾನ್ಯಾ ತಂದೆಯ ತುಟಿಗಳನ್ನೇ ಗಮನಿಸುತ್ತ, ದಟ್ಸ್ ನಾಟ್ ವಾಟ್ ಅಂಕಲ್ ಈಸ್ ಸೇಯಿಂಗ್ ಎಂದು ತಾಯಿಯ ಹತ್ತಿರ ಪಿಸುಗುಟ್ಟಿದಳು. ಪುಟ್ಟಸ್ವಾಮಿ ಮಾತ್ರ ಆ ದಿನ ಮೊದಲ ಸಲ ಪೂರ್ತಿ ಉಸಿರು ಬಿಟ್ಟ. ಗಂಡಾಂತರ ದಾಟಿತ್ತು. ಇನ್ನು ಲೇಖಕಿ ನಾಲ್ಕು ಮಾತು ಆಡುತ್ತಾರೆ, ಪಾತ್ರೆಯ ಮುಚ್ಚಳ ತೆಗೆಯುತ್ತಾರೆ, ಕತೆ ಮುಗಿಯುತ್ತದೆ. ಎರಡನೆಯ ಮುದ್ರಣದಲ್ಲಿ ಕೊಕ್ಕು, ರೆಕ್ಕೆ ಎಲ್ಲ ಸದ್ದಿಲ್ಲದೆ ಕತ್ತರಿಸಿ ಹಾಕಿದರಾಯಿತು.

ಮೋರಾಗ್ ಟುಲಕ್ ಎದ್ದು ಮೈಕಿನ ಮುಂದೆ ನಿಂತರು. ಎಲ್ಲರಿಗೂ ತಿಳಿಯಲೆಂದು ತಮ್ಮ ಆಡುಮಾತನ್ನು ಬದಿಗಿಟ್ಟು ಸರಳ ಇಂಗ್ಲಿಷಿನಲ್ಲಿ, ಒಂದೊಂದೇ ಮಾತು ಬಿಡಿಸಿ ಹೇಳಿದರು. ತಮ್ಮ ಬೀದಿಯಲ್ಲಿ ಒಬ್ಬ ಹೆಂಗಸಿದ್ದಳು. ಗಂಡನ ದೋಣಿ ಹಿಂದಿರುಗಲಿಲ್ಲ. ಮಕ್ಕಳಿರಲಿಲ್ಲ. ಆ ಚಳಿಗಾಲದ ಬಿರುಗಾಳಿಗೆ ಎಣ್ಣೆ ಮೆತ್ತಿಕೊಂಡ ಎರಡು ನೀರುಹಕ್ಕಿಗಳು ದಡಕ್ಕೆ ಬಂದು ಬಿದ್ದಿದ್ದವು. ಅವುಗಳನ್ನು ಆಕೆ ಮನೆಗೆ ತಂದಳು. ತಮ್ಮ ಕಡೆ ಆ ಹಕ್ಕಿಗೂ ಲೂನ್ ಎನ್ನುತ್ತಾರೆ, ಹುಡುಗನಿಗೂ ಲೂನ್ ಎನ್ನುತ್ತಾರೆ. ಆ ಹೆಂಗಸು ಒಂದೇ ಪದವನ್ನು ಹಿಡಿದುಕೊಂಡು ಹಕ್ಕಿಗಳನ್ನು ಮಕ್ಕಳು ಮಾಡಿಕೊಂಡು ಬದುಕಿದಳು. ತಾವು ಮಫ್ಲರು ಹೆಣೆದು ಕೊಟ್ಟದ್ದೂ ಉಂಟು.

“ಅವು ಹಕ್ಕಿಗಳು,” ಎಂದರು ಮೋರಾಗ್. “ಬರೀ ಹಕ್ಕಿಗಳು. ಪುಸ್ತಕದಲ್ಲಿ ನಾನು ಬಿಡಿಸಿ ಹೇಳಲಿಲ್ಲ. ಓದುವವರಿಗೆ ಕಾಣಲಿ ಅಂತ ಬಿಟ್ಟೆ. ಡೆನ್ಮಾರ್ಕಿನವನು ಹುಡುಗರು ಮಾಡಿದ. ಜರ್ಮನಿಯವಳೂ ಹುಡುಗರು ಮಾಡಿದಳು. ನನ್ನ ತಮ್ಮಂದಿರ ಕತೆ ಅಂದುಕೊಂಡರು. ಆ ಸೋಮಾರಿಗಳ ಮೇಲೆ ಯಾರು ಕಾದಂಬರಿ ಬರೆಯುತ್ತಾರೆ?”

ಸಭೆ ನಕ್ಕಿತು. ಪುಟ್ಟಸ್ವಾಮಿ ನಗಲಿಲ್ಲ. ಅವನ ಮುಖ ಬಿಸಿಲಿಗಿಟ್ಟ ಬೆಣ್ಣೆಯಂತೆ ಆಕಾರ ಕಳೆದುಕೊಳ್ಳುತ್ತಿತ್ತು.

ಮೋರಾಗ್ ಮುಂದುವರಿಸಿದರು. ತಮ್ಮೂರಿನ ಕಾಲೇಜಿಗೆ ಕರ್ನಾಟಕದಿಂದ ಓದಲು ಬಂದ ಹುಡುಗನೊಬ್ಬ, ನಮ್ಮ ಭಾಷೆಯಲ್ಲಿ ಅವು ಹಕ್ಕಿಗಳಾಗಿಯೇ ಇವೆ ಎಂದು ಹೇಳಿದ್ದನಂತೆ. ಜಗತ್ತಿನಲ್ಲಿ ಒಬ್ಬನಿಗಾದರೂ ಅರ್ಥವಾಯಿತಲ್ಲ ಎಂದು ಆ ಅನುವಾದಕನನ್ನು ಕಣ್ಣಾರೆ ನೋಡಲೆಂದೇ ಇಷ್ಟು ದೂರ ಬಂದರಂತೆ. “ಆದರೆ ಇವತ್ತು ಈ ಪ್ರಬಂಧವನ್ನು ಮೊದಲಿನಿಂದ ಕೊನೆಯವರೆಗೆ ಕಿವಿಯಲ್ಲಿ ಕೇಳಿಸಿಕೊಂಡೆ. ಇಲ್ಲೂ ಅವು ಹುಡುಗರೇ. ಇರಲಿ. ನನಗೆ ವಯಸ್ಸಾಯಿತು, ಜಗಳವಾಡುವ ಶಕ್ತಿ ಇಲ್ಲ.”

ಮಡಿವಾಳಪ್ಪನವರು ಎದ್ದು ನಿಂತರು.

“ಮೇಡಮ್, ಇನ್ ಅವರ್ ಬುಕ್, ಬರ್ಡ್ಸ್. ಓನ್ಲಿ ಬರ್ಡ್ಸ್. ಐ ಮೈಸೆಲ್ಫ್ ವಾಸ್ ಫ್ಲೈಯಿಂಗ್ ಜಸ್ಟ್ ನೌ.”

ಮಾನ್ಯಾ ಒಂದು ಮಾತೂ ಆಡದೆ ವೇದಿಕೆ ಹತ್ತಿ ಬಾವುಟವನ್ನು ಬದಿಗೆ ಸರಿಸಿದಳು. ಎರಡು ಹಕ್ಕಿಗಳೂ ಸಭೆಯನ್ನು ನೋಡಿದವು. ಮೋರಾಗ್ ಬಹಳ ಹೊತ್ತು ಚಿತ್ರದ ಮುಂದೆ ನಿಂತಿದ್ದರು. ಆಮೇಲೆ ಪುಟ್ಟಸ್ವಾಮಿಯ ಕಡೆ ತಿರುಗಿದರು. ಹಾಗಾದರೆ ಇಷ್ಟು ಹೊತ್ತು ನನ್ನ ಕಿವಿಯಲ್ಲಿ ನೀವು ಹೇಳಿದ್ದೇನು ಎಂದು ಕೇಳಿದರು. ಪುಟ್ಟಸ್ವಾಮಿ ಕನ್ನಡಕ ತೆಗೆದು ಜುಬ್ಬದ ಅಂಚಿನಿಂದ ಒರೆಸತೊಡಗಿದ.

ಮೋರಾಗ್ ತಾವೇ ಒಂದು ತೀರ್ಮಾನಕ್ಕೆ ಬಂದರು. ಬೆಳಿಗ್ಗೆ ‘ಹೇಗಿದ್ದೀರಿ’ ಎಂದರೆ ಜಿಮ್ಮಿನ ವಿಷಯ ಹೇಳಿದವನು, ಪ್ರವಾಸಕ್ಕೆಂದು ಅಣು ಸ್ಥಾವರಕ್ಕೆ ಕರೆದೊಯ್ದವನು, ತನ್ನ ಗಂಡುಮಕ್ಕಳಿಗೆ ರಿಬ್ಬನ್ ಕಟ್ಟಿಸುವವನು, ಕಣ್ಣೆದುರಿನ ಹಕ್ಕಿಯನ್ನು ಹುಡುಗ ಎನ್ನುವವನು ಇಂಥ ಅನುವಾದ ಮಾಡಿರಲು ಸಾಧ್ಯವೇ ಇಲ್ಲ. ಆಕೆ ನೇರವಾಗಿ ಹೋಗಿ ಮಡಿವಾಳಪ್ಪನವರ ಎರಡೂ ಕೈ ಹಿಡಿದುಕೊಂಡರು. ನೀವು ಹೆಸರು ಹಾಕಿಕೊಳ್ಳದಷ್ಟು ಸಂಕೋಚದ ಮನುಷ್ಯರೆಂದು ಈಗ ತಿಳಿಯಿತು, ಹಾರಿದಾಗಲೇ ನನಗೆ ಅನುಮಾನ ಬರಬೇಕಾಗಿತ್ತು ಎಂದರು. ಚೀಲದಿಂದ ತಮ್ಮ ಹೊಸ ಕಾದಂಬರಿಯನ್ನು ತೆಗೆದು ಅವರ ಕೈಗಿಟ್ಟು, ಇದನ್ನು ಕನ್ನಡಕ್ಕೆ ನೀವು ಮಾತ್ರ ತರಬೇಕು, ಬೇರೆ ಯಾರಿಗೂ ಕೊಡುವುದಿಲ್ಲ ಎಂದು ಮೈಕಿನಲ್ಲೇ ಘೋಷಿಸಿದರು. ಚಪ್ಪಾಳೆ ಬಿತ್ತು. ಮಡಿವಾಳಪ್ಪನವರು ಏನೋ ಹೇಳಲು ಬಾಯಿ ತೆರೆದರು. ಚಪ್ಪಾಳೆ ಇನ್ನೂ ಜೋರಾಯಿತು. ಅವರು ಬಾಯಿ ಮುಚ್ಚಿಕೊಂಡು ಕೈ ಮುಗಿದರು.

ಪ್ರಬಂಧವನ್ನು ಇನ್ನೊಮ್ಮೆ, ಈ ಸಲ ಇಂಗ್ಲಿಷಿನಲ್ಲಿ ಕೇಳಬೇಕೆಂದು ಮೋರಾಗ್ ಬಯಸಿದರು. ಕಿವಿಯ ಪಕ್ಕ ಯಾರೂ ಬೇಡವೆಂದೂ ಹೇಳಿದರು. ಹಿಂದಿನ ಮೇಜಿನ ಹತ್ತಿರ ಯಾರೋ ಅರ್ಧ ಎತ್ತಿದ್ದ ಮುಚ್ಚಳವನ್ನು ಪದ್ಮಾ ಮತ್ತೆ ಪಾತ್ರೆಯ ಮೇಲಿಟ್ಟು ಗಂಡನನ್ನು ನೋಡಿದಳು. ಇಡೀ ಸಭೆ ಹಸಿದ ಕಣ್ಣುಗಳಿಂದ ಅವನನ್ನೇ ನೋಡಿತು.

ಪುಟ್ಟಸ್ವಾಮಿ ತನ್ನ ಕುರ್ಚಿ ಎತ್ತಿಕೊಂಡು ವೇದಿಕೆಯಿಂದ ಇಳಿಯುತ್ತಿದ್ದ. ಎದುರಿಗೆ ಬಂದ ಮಡಿವಾಳಪ್ಪನವರು ಕೈಯಲ್ಲಿದ್ದ ಹೊಸ ಕಾದಂಬರಿಯನ್ನು ಯಾರಿಗೂ ಕಾಣದಂತೆ ಅವನ ಜುಬ್ಬದ ಜೇಬಿಗೆ ತುರುಕಿ, ಕಿವಿಯ ಹತ್ತಿರ ಬಾಗಿದರು.

“ಒಂದು ಸಾಲು ಓದಿದೆ, ಏನೂ ತಿಳೀಲಿಲ್ಲ ನೋಡ್ರಿ. ನೀವ ಮಾಡ್ರಿ. ಹೆಸರು ನಂದ ಇರ್ಲಿ, ಆಕೀ ಮನಸ್ಸಿಗೆ ಬ್ಯಾಸರ ಆಗಬಾರದು.”

ಆಮೇಲೆ ಅವರು ಮೈಕಿನ ಮುಂದೆ ನಿಂತು, ಗಂಟಲು ಸರಿಪಡಿಸಿಕೊಂಡು, ಮೊಟ್ಟೆಯಿಂದ ಶುರು ಮಾಡಿದರು.